ಬ್ಯಾಬಿಲೋನ್: ಪದೇ ಪದೇ ಕೇಳುವ ಪ್ರಶ್ನೆಗಳು

ಬ್ಯಾಬಿಲೋನಿನ ಪ್ರಾಚೀನ ಗಿಲ್ಗಮೆಶ್ ಕಾವ್ಯದ ಬಗ್ಗೆ ಮಾತನಾಡಿದಾಗ, ಬರೆದಾಗ ಬರುವ ಪ್ರಶ್ನೆಗಳಲ್ಲಿ ಹೆಚ್ಚಿನವು ಸುತ್ತಿ ಬಳಸಿ ಒಂದೇ ಕಡೆಗೆ ಬಂದು ನಿಲ್ಲುತ್ತವೆ: ಕಥೆ, ನಂಬಿಕೆಗಳನ್ನು ಯಾರು ಯಾರಿಂದ ತೆಗೆದುಕೊಂಡರು? ತೆಗೆದುಕೊಂಡ ಮೇಲೆ ಅದನ್ನು ಏನು ಮಾಡಿದರು ಎಂಬುದು ನನಗೆ ಅದಕ್ಕಿಂತ ದೊಡ್ಡ ಪ್ರಶ್ನೆ. ಕೆಳಗಿನ ಉತ್ತರಗಳಲ್ಲಿ ಆ ಒಲವು ಕಾಣುತ್ತದೆ. ಪ್ರಶ್ನೆಗಳನ್ನು ಕೇಳಿದವರ ಮಾತಿನಲ್ಲಿಯೇ ಉಳಿಸಿ, ಸುಲಭದ್ದನ್ನು ಮೊದಲು, ಕಠಿಣವಾದದ್ದನ್ನು ನಂತರ ಇಟ್ಟಿದ್ದೇನೆ.

## ಆರಂಭಕ್ಕೆ

ಬ್ಯಾಬಿಲೋನ್ ಈಗ ಎಲ್ಲಿದೆ? ಏನಾದರೂ ಉಳಿದಿದೆಯೇ?

ಇರಾಕಿನಲ್ಲಿ, ಬಾಗ್ದಾದಿನಿಂದ ದಕ್ಷಿಣಕ್ಕೆ ಸುಮಾರು 85 ಕಿಲೋಮೀಟರ್ ದೂರದಲ್ಲಿ, ಹಿಲ್ಲಾ ಪಟ್ಟಣದ ಪಕ್ಕದಲ್ಲಿ. ಯೂಫ್ರೆಟಿಸ್ ನದಿಯ ಬಯಲು ಅದು. ಕಲ್ಲು ಸಿಗದ ನಾಡು, ಆದ್ದರಿಂದ ಕಟ್ಟಿದ್ದೆಲ್ಲ ಇಟ್ಟಿಗೆಯಲ್ಲಿ. ಜರ್ಮನಿಯ ರಾಬರ್ಟ್ ಕೋಲ್ಡೆವೈ 1899ರಿಂದ 1917ರವರೆಗೆ ಅಲ್ಲಿ ಉತ್ಖನನ ನಡೆಸಿದರು. ನೀಲಿ ಮೆರುಗಿನ ಇಟ್ಟಿಗೆಗಳ ಇಷ್ಟಾರ್ ದ್ವಾರವನ್ನು ಬರ್ಲಿನ್ನಿನ ಪೆರ್ಗಮಾನ್ ವಸ್ತುಸಂಗ್ರಹಾಲಯದಲ್ಲಿ ಮರುಜೋಡಿಸಿದ್ದಾರೆ. ಮೂಲ ಸ್ಥಳದಲ್ಲಿ ಅದರ ತಳಭಾಗ ಇನ್ನೂ ಇದೆ, ಗೋಡೆಯ ಮೇಲಿನ ಗೂಳಿ ಮತ್ತು ಸರ್ಪಮುಖದ ಪ್ರಾಣಿಗಳ ಉಬ್ಬುಚಿತ್ರಗಳ ಸಮೇತ. ಸದ್ದಾಂ ಹುಸೇನ್ 1980ರ ದಶಕದಲ್ಲಿ ಹಳೆಯ ತಳಪಾಯಗಳ ಮೇಲೆಯೇ ಹೊಸ ಗೋಡೆ ಎಬ್ಬಿಸಿ, ಇಟ್ಟಿಗೆಗಳಲ್ಲಿ ತನ್ನ ಹೆಸರು ಅಚ್ಚೊತ್ತಿಸಿದ. ಬ್ಯಾಬಿಲೋನಿನ ಪ್ರಾಚೀನ ರಾಜ ಎರಡನೇ ನೆಬುಕಡ್ನೆಜರ್ ಕೂಡ ತನ್ನ ಇಟ್ಟಿಗೆಗಳ ಮೇಲೆ ಹೆಸರು ಒತ್ತಿಸಿದ್ದನ್ನು ಸದ್ದಾಂ ಬಲ್ಲವನಾಗಿದ್ದ. 2003ರ ನಂತರ ವಿದೇಶಿ ಸೇನೆ ಅಲ್ಲಿ ಶಿಬಿರ ಹೂಡಿದ್ದರಿಂದ ಇನ್ನಷ್ಟು ಹಾನಿಯಾಯಿತು. 2019ರಲ್ಲಿ ವಿಶ್ವ ಪರಂಪರೆಯ ಪಟ್ಟಿಗೆ ಸೇರಿತು.

ಸುಮೇರ್, ಅಸ್ಸೀರಿಯ, ಬ್ಯಾಬಿಲೋನ್, ಮೆಸೊಪೊಟೇಮಿಯ: ಇವೆಲ್ಲ ಒಂದೇ ಅಲ್ಲವೇ?

ಅಲ್ಲ. ಮೆಸೊಪೊಟೇಮಿಯ ಎಂಬುದು ಟೈಗ್ರಿಸ್ ಮತ್ತು ಯೂಫ್ರೆಟಿಸ್ ನದಿಗಳ ನಡುವಿನ ಇಡೀ ಪ್ರದೇಶ. ಅದರ ದಕ್ಷಿಣದ ತುದಿ ಸುಮೇರ್. ಬರವಣಿಗೆ ಹುಟ್ಟಿದ್ದು ಅಲ್ಲಿ. ಉತ್ತರ ಭಾಗ ಅಸ್ಸೀರಿಯ, ಅದರ ಕೊನೆಯ ರಾಜಧಾನಿಗಳಲ್ಲಿ ಒಂದು ನಿನೆವೆ. ಬ್ಯಾಬಿಲೋನ್ ಮಧ್ಯದ ಒಂದು ನಗರ. ಹಮ್ಮುರಾಬಿಯ ಕಾಲದಲ್ಲಿ, ಅಂದರೆ ಕ್ರಿ.ಪೂ. 1792ರಿಂದ 1750ರ ಸುಮಾರಿಗೆ ಅದು ದೊಡ್ಡ ರಾಜ್ಯವಾಯಿತು. ಮತ್ತೆ ಕ್ರಿ.ಪೂ. 605ರಿಂದ 562ರವರೆಗೆ ಆಳಿದ ಎರಡನೇ ನೆಬುಕಡ್ನೆಜರನ ಕಾಲದಲ್ಲಿ ಸಾಮ್ರಾಜ್ಯವಾಯಿತು. ಕ್ರಿ.ಪೂ. 539ರಲ್ಲಿ ಪರ್ಷಿಯದ ಸೈರಸ್ ಅದನ್ನು ಗೆದ್ದ. ಆದರೆ ದೇವಾಲಯಗಳ ವಿದ್ವಾಂಸರು ಬರೆಯುವುದನ್ನು ನಿಲ್ಲಿಸಲಿಲ್ಲ. ಖಗೋಳದ ಬಗ್ಗೆ ಅವರು ಬರೆದ ಕೊನೆಯ ಜೇಡಿಮಣ್ಣಿನ ಫಲಕಗಳು ಕ್ರಿ.ಶ. ಮೊದಲ ಶತಮಾನದವು.

ಇಷ್ಟು ಹಳೆಯ ಬರಹವನ್ನು ನಿಜವಾಗಿ ಓದುತ್ತಾರೆಯೇ, ಅಥವಾ ಎಲ್ಲವೂ ಊಹೆಯೇ?

ಓದುತ್ತಾರೆ. ಈ ಸಂಶಯ 19ನೇ ಶತಮಾನದಲ್ಲಿಯೇ ಎದ್ದಿತ್ತು. 1857ರಲ್ಲಿ ಲಂಡನ್ನಿನ ರಾಯಲ್ ಏಷ್ಯಾಟಿಕ್ ಸೊಸೈಟಿ ಅದನ್ನು ಪರೀಕ್ಷೆಗೆ ಒಡ್ಡಿತು. ಆಗಷ್ಟೇ ಸಿಕ್ಕಿದ್ದ ಒಂದು ಶಾಸನದ ಪ್ರತಿ ರಾಲಿನ್ಸನ್, ಹಿಂಕ್ಸ್, ಟಾಲ್ಬಟ್, ಓಪರ್ಟ್ ಎಂಬ ನಾಲ್ವರು ವಿದ್ವಾಂಸರ ಕೈ ಸೇರಿತು. ಪರಸ್ಪರ ಚರ್ಚಿಸದೆ ಅನುವಾದಿಸಿ, ಲಕೋಟೆಗೆ ಮುದ್ರೆ ಹಾಕಿ ಕಳುಹಿಸಬೇಕಿತ್ತು. ಲಕೋಟೆಗಳನ್ನು ಒಡೆದು ನೋಡಿದಾಗ ಮುಖ್ಯ ಅಂಶಗಳಲ್ಲಿ ನಾಲ್ಕೂ ಹೊಂದಿಕೆಯಾದವು. ಬ್ಯಾಬಿಲೋನ್ ಮತ್ತು ಅಸ್ಸೀರಿಯಗಳ ಅಕ್ಕೇಡಿಯನ್ ಭಾಷೆ ಹೀಬ್ರೂ ಮತ್ತು ಅರಬ್ಬಿಗಳ ಬಂಧು ಆಗಿದ್ದದ್ದು ಈ ಕೆಲಸಕ್ಕೆ ದೊಡ್ಡ ಆಸರೆಯಾಯಿತು.

ಎಲ್ಲ ಕಡೆ ರಾಜರ ಕಥೆಯೇ ಇದೆ. ಸಾಮಾನ್ಯ ಜನರ ಬಗ್ಗೆ ಏನಾದರೂ ತಿಳಿದಿದೆಯೇ?

ಅಚ್ಚರಿಯಾಗುವಷ್ಟು ತಿಳಿದಿದೆ. ಜೇಡಿಮಣ್ಣು ಬಿಟ್ಟಿ ಸಿಗುತ್ತಿತ್ತು, ಬೆಂಕಿ ಬಿದ್ದರೂ ಸುಟ್ಟು ಗಟ್ಟಿಯಾಗುತ್ತಿತ್ತು. ಹಾಗಾಗಿ ಸಾಲದ ಪತ್ರ, ಮದುವೆಯ ಕರಾರು, ಶಾಲಾ ಮಕ್ಕಳ ಅಭ್ಯಾಸದ ಬರಹ ಎಲ್ಲವೂ ಉಳಿದಿವೆ.

ನನಗೆ ಪ್ರಿಯವಾದದ್ದು ಉರ್ ನಗರದಲ್ಲಿ ಸಿಕ್ಕಿದ, ಕ್ರಿ.ಪೂ. 1750ರ ಸುಮಾರಿನ ಒಂದು ಪತ್ರ. ನಾನ್ನಿ ಎಂಬಾತ ತಾಮ್ರದ ವ್ಯಾಪಾರಿ ಎಯಾ-ನಾಸಿರನಿಗೆ ಬರೆದದ್ದು. ಒಳ್ಳೆಯ ತಾಮ್ರದ ಗಟ್ಟಿ ಕೊಡುತ್ತೇನೆಂದು ಮಾತು ಕೊಟ್ಟು, ಬಂದ ಆಳಿನ ಮುಂದೆ ಕಳಪೆ ಗಟ್ಟಿಗಳನ್ನಿಟ್ಟು, ಬೇಕಾದರೆ ತೆಗೆದುಕೋ, ಬೇಡವಾದರೆ ಹೋಗು ಎಂದೆಯಲ್ಲ, ನನ್ನನ್ನು ಏನೆಂದುಕೊಂಡೆ ಎಂದು ಆತ ಕೇಳುತ್ತಾನೆ. ಶತ್ರುಗಳ ನಾಡನ್ನು ಹಾದು ಬಂದ ಆಳುಗಳನ್ನು ಬರಿಗೈಯಲ್ಲಿ ಕಳುಹಿಸಿದ ಸಿಟ್ಟು ಅದು. ಇನ್ನು ಮುಂದೆ ನನ್ನ ಅಂಗಳದಲ್ಲಿಯೇ ಒಂದೊಂದಾಗಿ ಆರಿಸಿ ತೆಗೆದುಕೊಳ್ಳುತ್ತೇನೆ ಎಂದು ಪತ್ರ ಮುಗಿಯುತ್ತದೆ. ಫಲಕದ ಎರಡೂ ಬದಿ ತುಂಬಿದೆ.

ಬ್ಯಾಬಿಲೋನಿನ ಖಗೋಳ ದಿನಚರಿಗಳೂ ಹೀಗೆಯೇ ಜೀವಂತವಾಗಿವೆ. ಗ್ರಹಗಳ ಸ್ಥಾನದ ಜೊತೆಗೆ ಒಂದು ಶೆಕೆಲ್ ಬೆಳ್ಳಿಗೆ ಎಷ್ಟು ಬಾರ್ಲಿ, ಖರ್ಜೂರ, ಎಳ್ಳು, ಉಣ್ಣೆ ಸಿಗುತ್ತಿತ್ತು, ನದಿಯ ನೀರು ಎಷ್ಟು ಏರಿತು ಎಂಬುದನ್ನು ಶತಮಾನಗಳ ಕಾಲ ಬರೆದಿಟ್ಟರು. ಕ್ರಿ.ಪೂ. 323ರ ಜೂನ್ ತಿಂಗಳಲ್ಲಿ ಅಲೆಕ್ಸಾಂಡರ್ ಸತ್ತ ದಿನದ ದಾಖಲೆ ಇಷ್ಟೇ: ರಾಜ ಸತ್ತ, ಮೋಡ ಕವಿದಿತ್ತು.

ತೂಗು ಉದ್ಯಾನ ನಿಜವಾಗಿಯೂ ಇತ್ತೇ?

ನೆಬುಕಡ್ನೆಜರ್ ತಾನು ಕಟ್ಟಿಸಿದ್ದನ್ನೆಲ್ಲ ಉದ್ದುದ್ದ ಶಾಸನಗಳಲ್ಲಿ ಹೇಳಿಕೊಂಡಿದ್ದಾನೆ. ಉದ್ಯಾನದ ಸುದ್ದಿ ಅವುಗಳಲ್ಲಿ ಇಲ್ಲ. ಬ್ಯಾಬಿಲೋನಿನ ಬೇರೆ ಯಾವ ಬರಹದಲ್ಲಿಯೂ ಇಲ್ಲ. ಗ್ರೀಕ್ ಮತ್ತು ಲ್ಯಾಟಿನ್ ಲೇಖಕರಲ್ಲಿ ಮಾತ್ರ ಇದೆ. ಕಮಾನುಗಳ ಒಂದು ಕಟ್ಟಡವನ್ನು ಕೋಲ್ಡೆವೈ ಉದ್ಯಾನವೆಂದು ಗುರುತಿಸಿದ್ದರು, ಆದರೆ ಅಲ್ಲಿ ಸಿಕ್ಕಿದ ಫಲಕಗಳು ಪಡಿತರದ ಲೆಕ್ಕಗಳು. ಅದು ಉಗ್ರಾಣವಾಗಿರುವ ಸಾಧ್ಯತೆಯೇ ಹೆಚ್ಚು.

## ಕಥೆಗಳು, ಕಾವ್ಯಗಳು

ಗಿಲ್ಗಮೆಶ್ ಕಾವ್ಯದಲ್ಲಿ ಅಂಥದ್ದೇನಿದೆ?

ಉರುಕ್ ನಗರದ ರಾಜ ಗಿಲ್ಗಮೆಶ್, ಮೂರರಲ್ಲಿ ಎರಡು ಪಾಲು ದೇವರು, ಒಂದು ಪಾಲು ಮನುಷ್ಯ. ಅವನ ಗೆಳೆಯ ಎನ್ಕಿಡು ಕಾಡಿನಿಂದ ಬಂದವನು. ಇಬ್ಬರೂ ಸೇರಿ ದೇವದಾರು ಕಾಡಿನ ಕಾವಲುಗಾರ ಹುಂಬಾಬನನ್ನು ಕೊಲ್ಲುತ್ತಾರೆ, ಇಷ್ಟಾರ್ ದೇವಿ ಕಳುಹಿಸಿದ ಆಕಾಶದ ಗೂಳಿಯನ್ನೂ ಕೊಲ್ಲುತ್ತಾರೆ. ದೇವತೆಗಳ ತೀರ್ಪಿನಂತೆ ಎನ್ಕಿಡು ಕಾಯಿಲೆ ಬಿದ್ದು ಸಾಯುತ್ತಾನೆ. ಮೂಗಿನಿಂದ ಹುಳು ಬೀಳುವವರೆಗೆ ಗಿಲ್ಗಮೆಶ್ ಗೆಳೆಯನ ಹೆಣವನ್ನು ಹೂಳಲು ಬಿಡುವುದಿಲ್ಲ. ಆಮೇಲೆ ಸಾವಿಗೆ ಮದ್ದು ಹುಡುಕುತ್ತ, ಪ್ರಳಯವನ್ನು ದಾಟಿ ಅಮರನಾದ ಉಟ್ನಪಿಶ್ಟಿಮನ ಬಳಿಗೆ ಹೋಗುತ್ತಾನೆ.

ಅಲ್ಲಿನ ಒಂದು ಪ್ರಸಂಗವೇ ಸಾಕು ಈ ಕವಿಗಳ ಕೈಚಳಕ ತಿಳಿಯಲು. ಆರು ಹಗಲು, ಏಳು ರಾತ್ರಿ ನಿದ್ದೆ ಮಾಡದೆ ಇರು ನೋಡೋಣ ಎನ್ನುತ್ತಾನೆ ಮುದುಕ. ಗಿಲ್ಗಮೆಶ್ ಕುಳಿತಲ್ಲಿಯೇ ನಿದ್ದೆ ಹೋಗುತ್ತಾನೆ. ಎಚ್ಚರವಾದ ಮೇಲೆ ಈತ ಮಲಗಲೇ ಇಲ್ಲವೆಂದು ಸಾಧಿಸುತ್ತಾನೆ ಎಂದು ಗೊತ್ತಿದ್ದ ಮುದುಕ, ಹೆಂಡತಿಯಿಂದ ದಿನಕ್ಕೊಂದು ರೊಟ್ಟಿ ಸುಡಿಸಿ ತಲೆಯ ಬಳಿ ಇಡಿಸುತ್ತಾನೆ. ಎದ್ದು ನೋಡಿದರೆ ಮೊದಲ ರೊಟ್ಟಿ ಒಣಗಿ ಸೆಟೆದಿದೆ, ನಡುವಿನದಕ್ಕೆ ಬೂಷ್ಟು ಹಿಡಿದಿದೆ, ಏಳನೆಯದು ಇನ್ನೂ ಕೆಂಡದ ಮೇಲಿದೆ. ನಿದ್ದೆಯನ್ನೇ ಗೆಲ್ಲಲಾರದವನು ಸಾವನ್ನು ಗೆಲ್ಲುವುದುಂಟೇ ಎಂದು ಬಾಯಿ ಬಿಟ್ಟು ಹೇಳುವ ಅಗತ್ಯವೇ ಕವಿಗೆ ಬೀಳುವುದಿಲ್ಲ.

12 ಫಲಕಗಳ ಪ್ರಮಾಣಿತ ರೂಪವನ್ನು ಬ್ಯಾಬಿಲೋನಿನ ಪರಂಪರೆ ಸಿನ್-ಲೆಕಿ-ಉನ್ನಿನ್ನಿ ಎಂಬ ವಿದ್ವಾಂಸನ ಹೆಸರಿಗೆ ಸೇರಿಸುತ್ತದೆ.

ನೋಹನ ಪ್ರಳಯದ ಕಥೆ ಬ್ಯಾಬಿಲೋನಿನಿಂದ ಕದ್ದದ್ದಂತೆ, ನಿಜವೇ?

‘ಕದ್ದದ್ದು’ ಎಂಬ ಮಾತನ್ನು ಒಪ್ಪಲಾರೆ. ಸಂಬಂಧ ಇದೆ ಎಂಬುದನ್ನು ಅಲ್ಲಗಳೆಯಲೂ ಆರೆ.

1872ರ ಡಿಸೆಂಬರ್ 3ರಂದು ಜಾರ್ಜ್ ಸ್ಮಿತ್ ಎಂಬ ಬ್ರಿಟಿಷ್ ಮ್ಯೂಸಿಯಂ ನೌಕರ ಲಂಡನ್ನಿನ ಒಂದು ಸಭೆಯಲ್ಲಿ ಗಿಲ್ಗಮೆಶ್‌ನ 11ನೇ ಫಲಕವನ್ನು ಓದಿದರು. ಹುಡುಗನಾಗಿದ್ದಾಗ ನೋಟು ಅಚ್ಚಿನ ಕೆತ್ತನೆ ಕೆಲಸ ಕಲಿತಿದ್ದ ಅವರು ಲಿಪಿಯನ್ನು ಸ್ವಂತ ಶ್ರಮದಿಂದ ಕಲಿತವರು. ಫಲಕದಲ್ಲಿ ಇದ್ದದ್ದು: ದೇವರ ಗುಟ್ಟಿನ ಎಚ್ಚರಿಕೆ, ಅಳತೆ ಹೇಳಿ ಕಟ್ಟಿಸಿದ ನಾವೆ, ಕಲ್ಲರಗಿನ (ಡಾಂಬರಿನಂಥ ಅಂಟು) ಲೇಪ, ಪ್ರಾಣಿಗಳನ್ನು ಹತ್ತಿಸಿದ್ದು, ಬೆಟ್ಟಕ್ಕೆ ತಗುಲಿ ನಿಂತದ್ದು, ನೀರು ಇಳಿಯಿತೇ ಎಂದು ಹಕ್ಕಿಗಳನ್ನು ಬಿಟ್ಟದ್ದು, ಇಳಿದ ಮೇಲೆ ಬಲಿ ಕೊಟ್ಟದ್ದು, ಆ ಪರಿಮಳ ದೇವರನ್ನು ತಲುಪಿದ್ದು. ಉಟ್ನಪಿಶ್ಟಿಮ್ ಪಾರಿವಾಳ, ಬಾನಾಡಿ (ಸ್ವಾಲೋ), ಕಾಗೆಗಳನ್ನು ಬಿಡುತ್ತಾನೆ. ಬೈಬಲ್ಲಿನ ನೋಹ ಕಾಗೆ ಮತ್ತು ಪಾರಿವಾಳವನ್ನು. ಇಷ್ಟು ವಿವರಗಳು ಹೆಚ್ಚುಕಡಿಮೆ ಇದೇ ಸರಣಿಯಲ್ಲಿ ಆಕಸ್ಮಿಕವಾಗಿ ಕೂಡಿಬರುವುದಿಲ್ಲ. ಇದಕ್ಕೂ ಹಳೆಯ ಅತ್ರಹಾಸಿಸ್ ಕಾವ್ಯದಲ್ಲಿ, ಅಂದರೆ ಕ್ರಿ.ಪೂ. 17ನೇ ಶತಮಾನದ ಪ್ರತಿಗಳಲ್ಲಿಯೇ, ಈ ಕಥೆ ಇದೆ. ಗಿಲ್ಗಮೆಶ್‌ನ ಒಂದು ತುಣುಕು ಈಗಿನ ಇಸ್ರೇಲಿನ ಮೆಗಿದ್ದೋದಲ್ಲಿ ಸಿಕ್ಕಿರುವುದರಿಂದ ಆ ಕಡೆಯ ಲಿಪಿಕಾರರಿಗೂ ಈ ಕಾವ್ಯ ಗೊತ್ತಿತ್ತು.

ಆದರೆ ಪ್ರಳಯ ಏಕೆ ಬಂತು? ಅತ್ರಹಾಸಿಸ್‌ನಲ್ಲಿ ಮನುಷ್ಯರು ಹೆಚ್ಚಾಗಿ ಅವರ ಗದ್ದಲದಿಂದ ಎನ್ಲಿಲ್ ದೇವನಿಗೆ ನಿದ್ದೆ ಕೆಡುತ್ತದೆ. ಪ್ರಳಯ ಮುಗಿದ ಮೇಲೆ ಜನಸಂಖ್ಯೆಗೆ ಕಡಿವಾಣ ಹಾಕಲು ಬಂಜೆತನವೂ ಎಳೆಯ ಶಿಶುಗಳ ಸಾವೂ ಜಗತ್ತಿಗೆ ಬರುತ್ತವೆ. ಬೈಬಲ್ಲಿನ ಆದಿಕಾಂಡದಲ್ಲಿ ಪ್ರಳಯಕ್ಕೆ ಕಾರಣ ಮನುಷ್ಯರ ದುಷ್ಟತನ. ಮುಗಿದ ಮೇಲೆ ದೇವರು ಹೆಚ್ಚಿ ಅಭಿವೃದ್ಧಿಯಾಗಿರಿ ಎನ್ನುತ್ತಾನೆ, ಮುಗಿಲಲ್ಲಿ ಕಾಮನಬಿಲ್ಲನ್ನಿಟ್ಟು ಮತ್ತೆ ಪ್ರಳಯ ತರುವುದಿಲ್ಲವೆಂದು ಮಾತು ಕೊಡುತ್ತಾನೆ. ಅದೇ ಕಥೆಯನ್ನು ತೆಗೆದುಕೊಂಡು ಅದರ ಮೇಲೆ ವಾದ ಹೂಡಿದ ಹಾಗಿದೆ. ಬ್ಯಾಬಿಲೋನಿನ ದೇವತೆಗಳು ಪ್ರಳಯಕ್ಕೆ ತಾವೇ ಹೆದರಿ ನಾಯಿಗಳಂತೆ ಮುದುಡಿಕೊಂಡರು, ಬಲಿಯ ಸುತ್ತ ನೊಣಗಳಂತೆ ಮುತ್ತಿಕೊಂಡರು ಎನ್ನುತ್ತದೆ 11ನೇ ಫಲಕ. ಬೈಬಲ್ಲಿನ ಲೇಖಕನಿಗೆ ಅಂಥ ದೇವರು ಬೇಕಿರಲಿಲ್ಲ.

ಹಾಗಾದರೆ ನಮ್ಮ ಮತ್ಸ್ಯಾವತಾರವೂ ಅಲ್ಲಿಂದಲೇ ಬಂದದ್ದೇ?

ಮನುವಿನ ಪ್ರಳಯದ ಹಳೆಯ ರೂಪ ಶತಪಥ ಬ್ರಾಹ್ಮಣದಲ್ಲಿದೆ. ಕೈ ತೊಳೆಯುವ ನೀರಿನಲ್ಲಿ ಮನುವಿಗೆ ಪುಟ್ಟ ಮೀನು ಸಿಗುತ್ತದೆ. ನನ್ನನ್ನು ಸಾಕು, ನಿನ್ನನ್ನು ಕಾಪಾಡುತ್ತೇನೆ ಎನ್ನುತ್ತದೆ. ಗಡಿಗೆಯಿಂದ ಗುಂಡಿಗೆ, ಗುಂಡಿಯಿಂದ ಕಡಲಿಗೆ ಬೆಳೆಯುತ್ತದೆ. ಮನು ಹಡಗಿನ ಹಗ್ಗವನ್ನು ಅದರ ಕೊಂಬಿಗೆ ಕಟ್ಟುತ್ತಾನೆ. ಇಲ್ಲಿ ಅದು ಇನ್ನೂ ವಿಷ್ಣುವಿನ ಅವತಾರವಲ್ಲ.

ಎಚ್ಚರಿಕೆ, ನಾವೆ, ಬೆಟ್ಟ, ಕೊನೆಯಲ್ಲಿ ಆಹುತಿ ಇವು ಎರಡೂ ಕಡೆ ಇವೆ. ಹಕ್ಕಿಗಳಿಲ್ಲ, ಕಲ್ಲರಗಿಲ್ಲ, ನಾವೆಯ ಅಳತೆಯಿಲ್ಲ, ಪ್ರಾಣಿಗಳ ಜೋಡಿಗಳಿಲ್ಲ. ಪ್ರಳಯಕ್ಕೆ ಕಾರಣವನ್ನೂ ಹೇಳಿಲ್ಲ. ಬದಲಿಗೆ ಮೀನು ಇದೆ, ಆಹುತಿಯಿಂದ ಹುಟ್ಟಿದ ಇಡಾ ಇದ್ದಾಳೆ. ನೋಹನ ಕಥೆಯ ವಿಷಯದಲ್ಲಿ ವಿವರಗಳ ಸರಣಿಯೇ ಸಾಕ್ಷಿ ನುಡಿಯುತ್ತದೆ, ಇಲ್ಲಿ ಅಂಥ ಸಾಕ್ಷಿ ಇಲ್ಲ. ಕೆಲವು ವಿದ್ವಾಂಸರು ಸಂಪರ್ಕವನ್ನು ಊಹಿಸಿದ್ದಾರೆ. ನೆರೆ ಬರುವ ನದಿಗಳ ದಂಡೆಯಲ್ಲಿ ಬದುಕಿದ ಜನ ಪ್ರಳಯದ ಕಥೆ ಕಟ್ಟಲು ಹೊರಗಿನವರ ನೆರವು ಬೇಕಿಲ್ಲ ಎಂಬುದು ನನ್ನ ನಿಲುವು.

ಬ್ಯಾಬಿಲೋನಿನ ಹೊಸವರ್ಷದಲ್ಲಿ ರಾಜನ ಕೆನ್ನೆಗೆ ಹೊಡೆಯುತ್ತಿದ್ದರಂತೆ. ಯುಗಾದಿಗೂ ಅದಕ್ಕೂ ನಂಟಿದೆಯೇ?

ಹೊಡೆಯುತ್ತಿದ್ದರು. ವಸಂತ ವಿಷುವದ ಸುಮಾರಿಗೆ, ನಿಸಾನ್ ತಿಂಗಳಲ್ಲಿ ಬರುವ ಆ ಹಬ್ಬದ ಹೆಸರು ಅಕಿತು. ನಾಲ್ಕನೇ ದಿನದ ಸಂಜೆ ಪುರೋಹಿತ ಮರ್ದುಕ್ ದೇವನ ಮುಂದೆ ಎನುಮಾ ಎಲಿಶ್ ಕಾವ್ಯವನ್ನು ಪಠಿಸುತ್ತಿದ್ದ. ಕಡಲಿನ ತಾಯಿ ತಿಯಾಮತ್‌ಳನ್ನು ಮರ್ದುಕ್ ಕೊಂದು, ದೇಹವನ್ನು ಎರಡು ಸೀಳಿ ಆಕಾಶ ಮತ್ತು ಭೂಮಿ ಮಾಡಿದ ಕಥೆ ಅದು. ಐದನೇ ದಿನ ಪುರೋಹಿತ ರಾಜನ ದಂಡ, ಗದೆ, ಕಿರೀಟಗಳನ್ನು ಕಿತ್ತುಕೊಂಡು, ಕೆನ್ನೆಗೆ ಬಾರಿಸಿ, ಕಿವಿ ಹಿಡಿದು ಎಳೆದೊಯ್ದು ದೇವರ ಮುಂದೆ ಮಂಡಿಯೂರಿಸುತ್ತಿದ್ದ. ನಾನು ಪಾಪ ಮಾಡಿಲ್ಲ, ಬ್ಯಾಬಿಲೋನನ್ನು ಹಾಳುಗೆಡವಿಲ್ಲ, ಇಲ್ಲಿನ ಪ್ರಜೆಗಳ ಕೆನ್ನೆಗೆ ಹೊಡೆದಿಲ್ಲ ಎಂದು ರಾಜ ಒಪ್ಪಿಸಬೇಕಿತ್ತು. ಚಿಹ್ನೆಗಳನ್ನು ಮರಳಿ ಕೊಟ್ಟ ಮೇಲೆ ಇನ್ನೊಂದು ಏಟು. ಕಣ್ಣೀರು ಬಂದರೆ ದೇವರು ಪ್ರಸನ್ನ, ಬಾರದಿದ್ದರೆ ಶತ್ರು ಏಳುತ್ತಾನೆ. ಅಧಿಕಾರವನ್ನು ವರ್ಷಕ್ಕೊಮ್ಮೆ ಹೀಗೆ ಬೆತ್ತಲಾಗಿಸಿದ ಆಚರಣೆಯನ್ನು ನಾನು ಬೇರೆಲ್ಲಿಯೂ ಓದಿಲ್ಲ.

ಯುಗಾದಿ ಅಲ್ಲಿಂದ ಬಂತೆನ್ನಲು ಪುರಾವೆಯಿಲ್ಲ. ಚಂದ್ರನ ತಿಂಗಳನ್ನೂ ಸೂರ್ಯನ ವರ್ಷವನ್ನೂ ಹೊಂದಿಸಬೇಕಾದವರೆಲ್ಲ ಅಧಿಕ ಮಾಸದಂಥ ಏರ್ಪಾಟಿಗೆ ಬರಲೇಬೇಕು. ಬ್ಯಾಬಿಲೋನಿನವರು 19 ವರ್ಷಕ್ಕೆ 7 ಅಧಿಕ ಮಾಸಗಳ ಲೆಕ್ಕ ಹಾಕಿದರು.

ಒಳ್ಳೆಯವರಿಗೇ ಏಕೆ ಕಷ್ಟ ಎಂಬ ಪ್ರಶ್ನೆ ಅವರಿಗೂ ಇತ್ತೇ?

ಇತ್ತು, ಅದೂ ತುಂಬ ಆಳವಾಗಿ. ‘ಲುದ್ಲುಲ್ ಬೇಲ್ ನೆಮೆಕಿ’ ಕಾವ್ಯದಲ್ಲಿ ತಪ್ಪದೆ ಪೂಜೆ ಮಾಡುತ್ತಿದ್ದ ಒಬ್ಬ ಶ್ರೀಮಂತ ಎಲ್ಲವನ್ನೂ ಕಳೆದುಕೊಳ್ಳುತ್ತಾನೆ. ನಮಗೆ ಒಳ್ಳೆಯದೆನಿಸಿದ್ದು ದೇವರಿಗೆ ಅಪರಾಧವಾಗಿರಬಹುದು, ಯಾರು ಬಲ್ಲರು ಎಂಬ ಅವನ ಮಾತು ಬೈಬಲ್ಲಿನ ಯೋಬನ ಗ್ರಂಥ ಓದಿದವರಿಗೆ ಚಿರಪರಿಚಿತ ಎನಿಸುತ್ತದೆ. ಇನ್ನೊಂದು ಕೃತಿಯಲ್ಲಿ ಇಬ್ಬರು ಗೆಳೆಯರು ಇದೇ ವಿಷಯಕ್ಕೆ ವಾದಿಸುತ್ತಾರೆ. ಅದರಲ್ಲಿ 27 ಪದ್ಯಗಳು, ಪದ್ಯಕ್ಕೆ 11 ಸಾಲು. ಒಂದೊಂದು ಪದ್ಯದ ಎಲ್ಲ ಸಾಲೂ ಒಂದೇ ಅಕ್ಷರದಿಂದ ಶುರುವಾಗಿ, ಒಟ್ಟು ಸೇರಿ ಕವಿಯ ಹೆಸರಾಗುತ್ತದೆ.

ಬೈಬಲ್ಲಿನದೇ ಪ್ರಸಂಗಿಯ ಗ್ರಂಥದ 9ನೇ ಅಧ್ಯಾಯದ ಹೋಲಿಕೆ ಇನ್ನೂ ನಿಕಟ. ಹೊಟ್ಟೆ ತುಂಬಿಸಿಕೋ, ಹಗಲಿರುಳು ಸಂತೋಷವಾಗಿರು, ಮಡಿ ಬಟ್ಟೆ ಉಡು, ತಲೆ ತೊಳೆದುಕೋ, ಕೈ ಹಿಡಿದ ಮಗುವನ್ನು ನೋಡು, ಹೆಂಡತಿಯನ್ನು ಅಪ್ಪಿಕೋ ಎಂದು ಹೆಂಡ ಮಾರುವ ಸಿದುರಿ ಗಿಲ್ಗಮೆಶ್‌ಗೆ ಬುದ್ಧಿ ಹೇಳುತ್ತಾಳೆ. ರೊಟ್ಟಿ, ದ್ರಾಕ್ಷಾರಸ, ಬಿಳಿಯ ಬಟ್ಟೆ, ತಲೆಗೆ ಎಣ್ಣೆ, ಪ್ರೀತಿಯ ಹೆಂಡತಿ: ಪ್ರಸಂಗಿಯ ಸರಣಿ ಇದು.

## ಧರ್ಮಗ್ರಂಥಗಳಲ್ಲಿ

ಬಾಬೆಲ್ ಗೋಪುರ ಇತ್ತೇ?

ಎತೆಮೆನಂಕಿ ಎಂಬ ಹಂತಹಂತದ ಗೋಪುರ ಇತ್ತು. ತಳ ಸುಮಾರು 91 ಮೀಟರ್ ಚೌಕ. ಅಲೆಕ್ಸಾಂಡರ್ ಮರಳಿ ಕಟ್ಟಿಸಲೆಂದು ಅವಶೇಷ ತೆರವು ಮಾಡಿಸಿದ, ಕಟ್ಟುವ ಮೊದಲೇ ಸತ್ತ. ಈಗ ಅಲ್ಲಿ ಜೌಗು ಹಳ್ಳವಿದೆ. ಕಲ್ಲಿನ ಬದಲು ಇಟ್ಟಿಗೆ, ಗಾರೆಯ ಬದಲು ಕಲ್ಲರಗು ಬಳಸಿದರು ಎಂದು ಆದಿಕಾಂಡ 11 ನಿಂತು ವಿವರಿಸುತ್ತದೆ. ಕಲ್ಲುಬೆಟ್ಟಗಳ ನಾಡಿನವನು ಬಯಲುನಾಡಿನ ಕಟ್ಟಡವನ್ನು ತನ್ನವರಿಗೆ ಹೇಳುವ ರೀತಿ ಅದು.

ಬೈಬಲ್ಲಿನಲ್ಲಿ ಬ್ಯಾಬಿಲೋನ್ ಏಕೆ ಅಷ್ಟು ಕೆಟ್ಟ ಊರು?

ಏಕೆಂದರೆ ಬರೆದವರು ಅಲ್ಲಿಗೆ ಸೆರೆಯಾಗಿ ಹೋದವರು. ನೆಬುಕಡ್ನೆಜರ್ ಕ್ರಿ.ಪೂ. 597ರಲ್ಲಿ ಜೆರುಸಲೇಮನ್ನು ವಶಪಡಿಸಿಕೊಂಡು ಯುವ ರಾಜ ಯೆಹೋಯಾಕೀನನನ್ನು ಒಯ್ದ. ಹತ್ತು ವರ್ಷಗಳ ನಂತರ ದೇವಾಲಯವನ್ನೇ ಸುಟ್ಟ. 137ನೇ ಕೀರ್ತನೆಯ ಸಿಟ್ಟು ಮತ್ತು ಅಳಲು ಅಲ್ಲಿಂದ ಬಂದದ್ದು. ಕೋಲ್ಡೆವೈ ಅಗೆದ ಅರಮನೆಯ ಉಗ್ರಾಣದ ಲೆಕ್ಕದಲ್ಲಿ ಯೆಹೂದದ ರಾಜನಿಗೂ ಅವನ ಐವರು ಗಂಡುಮಕ್ಕಳಿಗೂ ಕೊಟ್ಟ ಎಣ್ಣೆಯ ಬಾಬ್ತು ಇದೆ. ಧರ್ಮಗ್ರಂಥದ ಒಬ್ಬ ವ್ಯಕ್ತಿ ಸೆರೆಯಲ್ಲಿ ಪಡಿ ಪಡೆದದ್ದಕ್ಕೆ ಗುಮಾಸ್ತ ಬರೆದಿಟ್ಟ ಚೀಟಿ!

ಇನ್ನೊಂದು ದನಿಯೂ ಬೈಬಲ್ಲಿನಲ್ಲಿದೆ, ಅದನ್ನು ಜನ ಮರೆಯುತ್ತಾರೆ. ಮನೆ ಕಟ್ಟಿಕೊಳ್ಳಿ, ತೋಟ ಹಾಕಿ, ಆ ಊರಿನ ಕ್ಷೇಮಕ್ಕಾಗಿ ಪ್ರಾರ್ಥಿಸಿ ಎಂದು ಯೆರೆಮೀಯ ಸೆರೆಯವರಿಗೆ ಪತ್ರ ಬರೆಯುತ್ತಾನೆ. ಅವರು ಹಾಗೆಯೇ ಮಾಡಿದರು. ಸೈರಸ್ ಊರಿಗೆ ಮರಳಲು ಅವಕಾಶ ಕೊಟ್ಟ ಮೇಲೂ ಬಹಳ ಮಂದಿ ಅಲ್ಲಿಯೇ ಉಳಿದರು. ಸುಮಾರು ಸಾವಿರ ವರ್ಷಗಳ ನಂತರ ಯೆಹೂದ್ಯರ ಮಹಾಗ್ರಂಥ ಬ್ಯಾಬಿಲೋನಿಯನ್ ತಾಲ್ಮುದ್ ರೂಪುಗೊಂಡದ್ದು ಅದೇ ನೆಲದಲ್ಲಿ. ನಿಸಾನ್, ತಮ್ಮೂಜ್, ತಿಶ್ರಿ ಎಂಬ ಯೆಹೂದಿ ತಿಂಗಳುಗಳ ಹೆಸರು ಬ್ಯಾಬಿಲೋನಿನವು.

ಪ್ರಕಟನೆ ಗ್ರಂಥ ಬರೆಯುವ ಹೊತ್ತಿಗೆ ‘ಬ್ಯಾಬಿಲೋನ್’ ಎಂದರೆ ರೋಮ್. ಜಮೈಕಾದ ರಾಸ್ತಫಾರಿ ಎಂಬ ಧಾರ್ಮಿಕ ಪಂಥದವರಿಗೆ ಅದು ತಮ್ಮನ್ನು ತುಳಿಯುವ ಪ್ರಭುತ್ವ.

ಕುರಾನಿನಲ್ಲಿ ಬ್ಯಾಬಿಲೋನಿನ ಪ್ರಸ್ತಾಪ ಇದೆಯೇ?

ಒಂದು ಕಡೆ ಇದೆ. ಎರಡನೇ ಅಧ್ಯಾಯದ 102ನೇ ಸೂಕ್ತಿಯಲ್ಲಿ ಬಾಬಿಲ್ ನಗರದ ಹಾರೂತ್ ಮತ್ತು ಮಾರೂತ್ ಎಂಬ ಇಬ್ಬರು ದೇವದೂತರು ಬರುತ್ತಾರೆ, ಮಾಟದ ಪ್ರಸ್ತಾಪದ ಜೊತೆಗೆ. ಮಂತ್ರವಿದ್ಯೆಯ ತವರು ಎಂಬ ಖ್ಯಾತಿ ಆ ಊರಿಗೆ ಅಷ್ಟು ಕಾಲ ಉಳಿದಿತ್ತು.

ಮೋಶೆಯ ನಿಯಮಗಳು ಹಮ್ಮುರಾಬಿಯ ಸಂಹಿತೆಯ ನಕಲೇ?

ಹಾಯುವ ಎತ್ತಿನ ನಿಯಮ ನೋಡಿ. ಎತ್ತು ಹಾಯುತ್ತದೆಂದು ಎಚ್ಚರಿಸಿದರೂ ಯಜಮಾನ ಅದನ್ನು ಹತೋಟಿಯಲ್ಲಿಡದೆ, ಅದು ಸ್ವತಂತ್ರ ವ್ಯಕ್ತಿಯನ್ನು ಕೊಂದರೆ ಹಮ್ಮುರಾಬಿಯಲ್ಲಿ ದಂಡ ಅರ್ಧ ಮಿನಾ ಬೆಳ್ಳಿ, ಅಂದರೆ 30 ಶೆಕೆಲ್. ಸತ್ತದ್ದು ಗುಲಾಮನಾದರೆ 20 ಶೆಕೆಲ್. ಮೋಶೆಯ ನಿಯಮಗಳಿರುವ ವಿಮೋಚನಕಾಂಡ 21ರಲ್ಲಿ ಇದೇ ಪ್ರಕರಣ, ಇದೇ ಎಚ್ಚರಿಕೆಯ ಷರತ್ತು. ಆದರೆ ಎತ್ತನ್ನು ಕಲ್ಲೆಸೆದು ಕೊಲ್ಲಬೇಕು, ಯಜಮಾನನಿಗೂ ಮರಣ, ಇಲ್ಲವೇ ವಿಮೋಚನಾ ಹಣ. ಗುಲಾಮನಿಗೆ 30 ಶೆಕೆಲ್. ಒಂದೇ ಕಾನೂನು ಪರಂಪರೆಯ ಪ್ರಕರಣ, ಬೇರೆ ತೀರ್ಪು. ಕಣ್ಣಿಗೆ ಕಣ್ಣು ಎಂಬುದೂ ಹಮ್ಮುರಾಬಿಯಲ್ಲಿ ಸಮಾನ ಅಂತಸ್ತಿನ ಸ್ವತಂತ್ರರ ನಡುವೆ ಮಾತ್ರ. ಕೆಳಗಿನವನ ಕಣ್ಣಿಗೆ ಬೆಳ್ಳಿ ಕೊಟ್ಟರೆ ಸಾಕು.

ಹಮ್ಮುರಾಬಿಯ ಸಂಹಿತೆಯನ್ನು ಕೆತ್ತಿರುವ 2.25 ಮೀಟರ್ ಎತ್ತರದ ಕಪ್ಪು ಕಲ್ಲು ಬ್ಯಾಬಿಲೋನಿನಲ್ಲಿ ಸಿಗಲಿಲ್ಲ. ಈಗಿನ ಇರಾನಿನಲ್ಲಿದ್ದ ಎಲಾಮ್ ರಾಜ್ಯದ ದೊರೆಯೊಬ್ಬ ಅದನ್ನು ತನ್ನ ಸೂಸಾ ನಗರಕ್ಕೆ ಹೊತ್ತೊಯ್ದಿದ್ದ. ಫ್ರೆಂಚರು 1901–02ರಲ್ಲಿ ಅಲ್ಲಿ ಅಗೆದು ತೆಗೆದರು. ಈಗ ಪ್ಯಾರಿಸ್ಸಿನ ಲೂವ್ರ್‌ನಲ್ಲಿದೆ.

## ಭಾರತದ ಕಡೆಗೆ, ಮತ್ತು ಮುಂದೆ

ನಮ್ಮ ಪಂಚಾಂಗದ ರಾಶಿಗಳು ಬ್ಯಾಬಿಲೋನಿನವು ಎನ್ನುತ್ತಾರೆ. ಹೌದೇ?

ನಕ್ಷತ್ರಗಳು ನಮ್ಮವು; ಅಶ್ವಿನಿ, ಭರಣಿ ಮೊದಲಾದ 27ರ ಪದ್ಧತಿಯ ಬೇರು ವೇದಕಾಲದಲ್ಲಿದೆ. 12 ರಾಶಿಗಳು ಮಾತ್ರ ಬ್ಯಾಬಿಲೋನಿನವು. ಕ್ರಿ.ಪೂ. ಐದನೇ ಶತಮಾನದ ಕೊನೆಗೆ ಅಲ್ಲಿ ಸಿದ್ಧವಾಗಿ, ಗ್ರೀಕರ ಮೂಲಕ ಸಂಸ್ಕೃತಕ್ಕೆ ಬಂದವು. ಯವನಜಾತಕ ಎಂಬ ಗ್ರಂಥದ ಹೆಸರೇ ದಾರಿಯನ್ನು ಹೇಳುತ್ತದೆ (ಯವನ ಎಂದರೆ ಗ್ರೀಕ).

ಇದಕ್ಕೆ ಸೊಗಸಾದ ಸಾಕ್ಷಿ ವರಾಹಮಿಹಿರನ ಬೃಹಜ್ಜಾತಕದ ಮೊದಲ ಅಧ್ಯಾಯದಲ್ಲಿದೆ. ರಾಶಿಗಳ ರೂಪ ಹೇಳುವಾಗ ಧನುವನ್ನು ಕುದುರೆಯ ಹಿಂಭಾಗವುಳ್ಳ ಬಿಲ್ಲುಗಾರ ಎಂದೂ ಮಕರವನ್ನು ಮೃಗದ ಮುಖದ್ದು ಎಂದೂ ವರ್ಣಿಸುತ್ತಾನೆ. ಕುದುರೆಯ ಮೈಯ ಬಿಲ್ಲುಗಾರನನ್ನು ಬ್ಯಾಬಿಲೋನಿನವರು ಅದಕ್ಕೂ ಒಂದೂವರೆ ಸಾವಿರ ವರ್ಷ ಹಿಂದೆ ಗಡಿಶಾಸನದ ಕಲ್ಲುಗಳ ಮೇಲೆ ಕೆತ್ತಿದ್ದರು. ಎಯಾ ದೇವನ ಆಡುಮೀನು, ಅಂದರೆ ಮುಂದೆ ಆಡು, ಹಿಂದೆ ಮೀನು ಆಗಿರುವ ಪ್ರಾಣಿಯೂ ಅವೇ ಕಲ್ಲುಗಳಲ್ಲಿದೆ. ನಮ್ಮ ದೇವಾಲಯಗಳ ಮಕರಕ್ಕೆ ಬೇರೆಯೇ ಚರಿತ್ರೆ ಇದೆ. ರಾಶಿಯ ಮಕರದ ಮುಖದಲ್ಲಿ ಮಾತ್ರ ಆ ಆಡು ಇನ್ನೂ ಇಣುಕುತ್ತಿದೆ. ಗಂಟೆಗೆ 60 ನಿಮಿಷ, ವೃತ್ತಕ್ಕೆ 360 ಅಂಶ ಎಂಬುದರ ಬೇರೂ ಅವರ ಅರವತ್ತರ ಎಣಿಕೆಯಲ್ಲಿದೆ.

ಭಾರತದ ಹಳೆಯ ಗ್ರಂಥಗಳಲ್ಲಿ ಬ್ಯಾಬಿಲೋನಿನ ಹೆಸರಿದೆಯೇ?

ಪಾಲಿ ಭಾಷೆಯ ಬಾವೇರು ಜಾತಕವನ್ನು ಓದಿ. ಬಾವೇರು ಎಂದರೆ ಬ್ಯಾಬಿಲೋನ್ ಎಂದು ವಿದ್ವಾಂಸರು ಗುರುತಿಸುತ್ತಾರೆ. ವ್ಯಾಪಾರಿಗಳು ದಿಕ್ಕು ತೋರಲು ಹಡಗಿನಲ್ಲಿ ಕಾಗೆ ಒಯ್ದಿರುತ್ತಾರೆ. ಹಕ್ಕಿಗಳೇ ಇಲ್ಲದ ಆ ನಾಡಿನವರು ಕಾಗೆಯ ಚಂದಕ್ಕೆ ಮರುಳಾಗಿ 100 ಕಹಾಪಣ ಕೊಡುತ್ತಾರೆ. ಮುಂದಿನ ಸಲ ನವಿಲು ಬರುತ್ತದೆ, ಚಿಟಿಕೆ ಹೊಡೆದರೆ ಕೂಗುವ, ಚಪ್ಪಾಳೆಗೆ ಕುಣಿಯುವ ನವಿಲು, ಬೆಲೆ 1000. ಕಾಗೆಯನ್ನು ಕೇಳುವವರಿಲ್ಲ. ಕಡಲ ವ್ಯಾಪಾರದ ನೆನಪು ಕಥೆಯಾಗಿ ಉಳಿದಿದೆ. ಅದಕ್ಕೂ ಬಹಳ ಹಿಂದೆ, ಮೆಸೊಪೊಟೇಮಿಯದ ಅಕ್ಕಾದ್ ನಗರದ ರಾಜ ಸಾರ್ಗೋನ್ ತನ್ನ ಹಡಗುಕಟ್ಟೆಯಲ್ಲಿ ಮೆಲುಹ್ಹದ ಹಡಗುಗಳು ನಿಂತಿದ್ದವೆಂದು ಹೆಮ್ಮೆಪಟ್ಟಿದ್ದ. ಮೆಲುಹ್ಹ ಸಿಂಧೂ ನಾಗರಿಕತೆಯ ನಾಡು ಎಂಬುದು ಬಹುತೇಕ ವಿದ್ವಾಂಸರ ಅಭಿಪ್ರಾಯ.

ಸುಮೇರಿಯನ್ ಭಾಷೆ ದ್ರಾವಿಡ ಭಾಷೆಯೇ? ಕನ್ನಡದ ಹಾಗೆಯೇ ಪ್ರತ್ಯಯ ಹತ್ತುತ್ತವಂತೆ.

ಪ್ರತ್ಯಯಗಳು ಸಾಲಾಗಿ ಹತ್ತುವುದು ತುರ್ಕಿ, ಫಿನ್ನಿಷ್, ಜಪಾನಿ ಭಾಷೆಗಳಲ್ಲಿಯೂ ಇದೆ. ನಂಟು ತೋರಿಸಲು ಮೂಲ ಶಬ್ದಗಳಲ್ಲಿ ನಿಯಮಬದ್ಧ ಧ್ವನಿಸಾಮ್ಯ ಬೇಕು, ಅದು ಸಿಕ್ಕಿಲ್ಲ. ಸುಮೇರಿಯನ್‌ಗೆ ಯಾವ ಬಂಧು ಭಾಷೆಯೂ ಈವರೆಗೆ ಪತ್ತೆಯಾಗಿಲ್ಲ.

ಓದಲು ಎಲ್ಲಿಂದ ಶುರು ಮಾಡಲಿ?

ಗಿಲ್ಗಮೆಶ್‌ನ 11ನೇ ಫಲಕದಿಂದ. ಪಕ್ಕದಲ್ಲಿ ಆದಿಕಾಂಡ 6ರಿಂದ 9 ತೆರೆದಿಟ್ಟುಕೊಳ್ಳಿ, ಹಕ್ಕಿಗಳನ್ನು ಬಿಡುವ ಭಾಗವನ್ನು ಸಾಲುಸಾಲಾಗಿ ಹೋಲಿಸಿ. ಆಮೇಲೆ ಮೊದಲ ಫಲಕಕ್ಕೆ ಹೋಗಿ. ಹೊಸ ಅನುವಾದವನ್ನೇ ಹುಡುಕಿ, ಏಕೆಂದರೆ ಪಠ್ಯ ಇನ್ನೂ ಬೆಳೆಯುತ್ತಿದೆ. ಇರಾಕಿನ ಸುಲೇಮಾನಿಯ ವಸ್ತುಸಂಗ್ರಹಾಲಯ ಕೊಂಡ ಒಂದು ಫಲಕ 2014ರಲ್ಲಿ ಪ್ರಕಟವಾಯಿತು. ಅದರಲ್ಲಿ ದೇವದಾರು ಕಾಡಿನ ಹಕ್ಕಿಗಳ, ಕೋತಿಗಳ ಸದ್ದು ಕೇಳುತ್ತದೆ; ಕಾಡನ್ನು ಬರಡು ಮಾಡಿದೆವಲ್ಲ ಎಂಬ ಎನ್ಕಿಡುವಿನ ಮಾತೂ ಇದೆ. ಹಳೆಯ ಅನುವಾದಗಳಲ್ಲಿ ಇವು ಸಿಗುವುದಿಲ್ಲ. ಮೂಲ ಫಲಕಗಳ ಚಿತ್ರ ಮತ್ತು ಲಿಪ್ಯಂತರ ಬೇಕಿದ್ದವರಿಗೆ ಮ್ಯೂನಿಕ್ ವಿಶ್ವವಿದ್ಯಾಲಯದ ಎಲೆಕ್ಟ್ರಾನಿಕ್ ಬ್ಯಾಬಿಲೋನಿಯನ್ ಲೈಬ್ರರಿ ಅಂತರ್ಜಾಲದಲ್ಲಿ ಉಚಿತವಾಗಿ ಸಿಗುತ್ತದೆ.